ಯುದ್ಧ ವರದಿಗಾರಿಕೆಯಿಂದ ಸಿನಿಮಾಕ್ಕೆ: ಕೈಯಲ್ಲಿರುವ ಫೂಟೇಜ್‌ನಿಂದ ಚಿತ್ರದವರೆಗೆ

ಪ್ರಶ್ನೆ: ಎಂಟು ವರ್ಷಗಳಿಂದ ಯುದ್ಧಪೀಡಿತ ಪ್ರದೇಶಗಳಿಂದ ವಿಡಿಯೊ ವರದಿ ಮಾಡುತ್ತಿದ್ದೇನೆ. ಮೊದಲು ಒಂದು ಸುದ್ದಿಸಂಸ್ಥೆಯ ನೌಕರಿಯಲ್ಲಿದ್ದೆ, ಈಗ ಸ್ವತಂತ್ರ. ಹಾರ್ಡ್ ಡಿಸ್ಕ್‌ಗಳಲ್ಲಿ ಸುಮಾರು 200 ಗಂಟೆಯ ದೃಶ್ಯಗಳಿವೆ. ಇದರಿಂದ ಪೂರ್ಣಾವಧಿ ಸಾಕ್ಷ್ಯಚಿತ್ರ ಮಾಡಬೇಕು, ಮುಂದೆ ಕಥಾಚಿತ್ರಕ್ಕೂ ಹೋಗಬೇಕು ಎಂಬ ಆಸೆಯಿದೆ. ವರದಿಗಾರಿಕೆಯನ್ನು ಬಿಟ್ಟುಬಿಡಬೇಕೇ? ಎಲ್ಲಿಂದ ಶುರು ಮಾಡಲಿ?

ಉತ್ತರ: ಬಿಡುವುದು, ಹಣ ಹುಡುಕುವುದು, ಚಿತ್ರೋತ್ಸವ ಇವೆಲ್ಲ ಆಮೇಲಿನ ಮಾತು. ಆ 200 ಗಂಟೆಯಲ್ಲಿ ಏನಿದೆ, ಏನಿಲ್ಲ ಎಂಬುದು ಮೊದಲು ಗೊತ್ತಾಗಬೇಕು. ಸುದ್ದಿಗಾಗಿ ತೆಗೆದ ದೃಶ್ಯಗಳಲ್ಲಿ ಘಟನೆ ಧಾರಾಳವಾಗಿರುತ್ತದೆ, ಸಿನಿಮಾ ಕಡಿಮೆ ಇರುತ್ತದೆ. ಬೇಕಾದ್ದು ಸಿಕ್ಕಿತು ಅನ್ನಿಸಿದ ಕೂಡಲೇ ವರದಿಗಾರ ರೆಕಾರ್ಡಿಂಗ್ ನಿಲ್ಲಿಸುತ್ತಾನೆ. ಶೆಲ್ ಬಿತ್ತು, ಜನ ಓಡಿದರು, ಆಂಬುಲೆನ್ಸ್ ಬಂತು, ಕಂಡವರೊಬ್ಬರು ಎರಡು ಮಾತು ಆಡಿದರು ಎಂದರೆ ಎರಡು ನಿಮಿಷದ ವರದಿ ಸಿದ್ಧ. ಶೆಲ್ ಬೀಳುವ ಮೊದಲು ಆ ಮನೆಯವರು ಯಾವುದರ ಬಗ್ಗೆ ಜಗಳವಾಡುತ್ತಿದ್ದರು, ಆಂಬುಲೆನ್ಸ್ ಹೋದ ಮೇಲೆ ಅಂಗಳದಲ್ಲಿ ಉಳಿದವರು ಏನು ಮಾಡಿದರು ಎಂಬುದು ಕಾರ್ಡ್‌ನಲ್ಲಿ ಇರುವುದೇ ಇಲ್ಲ. ಸಿನಿಮಾ ನಿಲ್ಲುವುದು ಆ ಮೊದಲಿನ ಮತ್ತು ಆಮೇಲಿನ ನಿಮಿಷಗಳ ಮೇಲೆ.

ಇದಕ್ಕೆ ತೀರ ಸ್ಪಷ್ಟ ಉದಾಹರಣೆ 2022ರಲ್ಲಿ ಉಕ್ರೇನಿನ ಮರಿಯುಪೋಲ್. ಅಸೋಸಿಯೇಟೆಡ್ ಪ್ರೆಸ್‌ನ ವಿಡಿಯೊ ಪತ್ರಕರ್ತ ಮಿಸ್ತಿಸ್ಲಾವ್ ಚೆರ್ನೊವ್ ಮುತ್ತಿಗೆಗೆ ಒಳಗಾದ ಆ ನಗರದಲ್ಲಿ 20 ದಿನಗಳಲ್ಲಿ ಸುಮಾರು 30 ಗಂಟೆ ಚಿತ್ರೀಕರಿಸಿದರು. ಇಂಟರ್ನೆಟ್ ಇಲ್ಲದ ಊರಿನಿಂದ ಅವರಿಗೆ ಹೊರಗೆ ಕಳಿಸಲು ಸಾಧ್ಯವಾದದ್ದು ಸುಮಾರು 40 ನಿಮಿಷ ಮಾತ್ರ. ಜಗತ್ತು ಸುದ್ದಿಯಾಗಿ ನೋಡಿದ್ದು ಆ 40 ನಿಮಿಷದ ತುಣುಕುಗಳನ್ನು. 2024ರಲ್ಲಿ ಅತ್ಯುತ್ತಮ ಸಾಕ್ಷ್ಯಚಿತ್ರಕ್ಕೆ ಆಸ್ಕರ್ ಪಡೆದ ‘20 ಡೇಸ್ ಇನ್ ಮರಿಯುಪೋಲ್’ ಹುಟ್ಟಿದ್ದು ಉಳಿದ ಗಂಟೆಗಳಿಂದ. ಟಿವಿಯಲ್ಲಿ ಕೆಲವೇ ಸೆಕೆಂಡ್ ಬಂದ ದೃಶ್ಯವನ್ನು ಆ ಚಿತ್ರ ಪೂರ್ತಿಯಾಗಿ ತೋರಿಸುತ್ತದೆ, ಅದೇ ತುಣುಕು ಸುದ್ದಿ ವಾಹಿನಿಗಳಲ್ಲಿ ಹೇಗೆ ಪ್ರಸಾರವಾಯಿತು ಎಂಬುದನ್ನೂ ಪಕ್ಕದಲ್ಲೇ ಇಡುತ್ತದೆ. ಸುದ್ದಿ ಮುಗಿದ ಮೇಲೂ ಕ್ಯಾಮೆರಾ ಓಡುತ್ತಿತ್ತು ಎಂಬ ಕಾರಣಕ್ಕೇ ಅದು ಸಾಧ್ಯವಾಯಿತು.

ಆದ್ದರಿಂದ ಮೊದಲ ಕೆಲಸ ಲಾಗಿಂಗ್, ಅಂದರೆ ಪ್ರತಿ ಕ್ಲಿಪ್ ನೋಡಿ ಅದರಲ್ಲಿ ಏನಿದೆ ಎಂದು ಬರೆದಿಡುವುದು. ಇದನ್ನು ಸಹಾಯಕರಿಗೆ ವಹಿಸಬೇಡಿ. ಮೊದಲ ಸುತ್ತು ನೀವೇ ಕೂತು ನೋಡಬೇಕು. ಒಂದು ಗಂಟೆಯ ಫೂಟೇಜ್ ಲಾಗ್ ಮಾಡಲು ಎರಡರಿಂದ ಮೂರು ಗಂಟೆ ಹಿಡಿಯುತ್ತದೆ. 200 ಗಂಟೆಗೆ 400ರಿಂದ 600 ಗಂಟೆ, ಅಂದರೆ ಬೇರೆ ಕೆಲಸವಿಲ್ಲದೆ ಕೂತರೂ ಮೂರು ತಿಂಗಳು. ಒಂದು ಸ್ಪ್ರೆಡ್‌ಶೀಟ್ ತೆರೆದು ಪ್ರತಿ ಕ್ಲಿಪ್‌ಗೂ ಫೈಲ್ ಹೆಸರು, ದಿನಾಂಕ ಮತ್ತು ಸಮಯ, ಜಾಗ, ಕಾಣುವ ವ್ಯಕ್ತಿಗಳು, ಆಡಿದ ಭಾಷೆ, ಯಾರಿಗಾಗಿ ತೆಗೆದದ್ದು, ಒಪ್ಪಿಗೆ ಇದೆಯೇ ಎಂದು ಬರೆಯಿರಿ. ಇನ್ನೊಂದು ಅಂಕಣವನ್ನು ಮರೆಯಬೇಡಿ: ಈ ಕ್ಲಿಪ್ ಘಟನೆಯ ಮೊದಲಿನದೋ, ನಡುವಿನದೋ, ಆಮೇಲಿನದೋ. ಲಾಗ್ ಮುಗಿದ ಮೇಲೆ ಶೀಟನ್ನು ವ್ಯಕ್ತಿಗಳ ಹೆಸರಿನ ಪ್ರಕಾರ ಜೋಡಿಸಿ. ಬೇರೆ ಬೇರೆ ತಿಂಗಳುಗಳಲ್ಲಿ ಮೂರು ನಾಲ್ಕು ಸಲವಾದರೂ ಕಾಣಿಸಿಕೊಂಡ ಒಬ್ಬ ದಾದಿಯೋ, ಚಾಲಕನೋ, ಹುಡುಗಿಯೋ ಇದ್ದರೆ ನಿಮ್ಮ ಬಳಿ ಪಾತ್ರವಿದೆ. ಪ್ರತಿಯೊಬ್ಬರೂ ಒಂದೊಂದೇ ಸಲ ಬಂದುಹೋಗಿದ್ದರೆ ನಿಮ್ಮ ಬಳಿ ಇರುವುದು ಒಳ್ಳೆಯ ದಾಖಲೆ ಸಂಗ್ರಹ; ಚಿತ್ರಕ್ಕೆ ಹೊಸದಾಗಿ ಚಿತ್ರೀಕರಣ ಮಾಡಬೇಕಾಗುತ್ತದೆ. ಈ ಸತ್ಯ ಮೂರನೇ ತಿಂಗಳಲ್ಲೇ ಗೊತ್ತಾಗುವುದು ಒಳ್ಳೆಯದು. ಎಡಿಟರ್‌ಗೆ ಆರು ತಿಂಗಳ ಸಂಬಳ ಕೊಟ್ಟ ಮೇಲೆ ಗೊತ್ತಾದರೆ ಚಿತ್ರ ಅಲ್ಲಿಗೇ ನಿಲ್ಲುತ್ತದೆ.

ಲಾಗಿಂಗ್ ಜೊತೆಜೊತೆಗೇ ಹಕ್ಕುಗಳ ಪ್ರಶ್ನೆ ಬಗೆಹರಿಯಬೇಕು. ಹೆಚ್ಚಿನವರು ಇಲ್ಲೇ ಎಡವುತ್ತಾರೆ. ನೌಕರಿಯಲ್ಲಿದ್ದಾಗ ತೆಗೆದ ದೃಶ್ಯಗಳು ಬಹುಪಾಲು ದೇಶಗಳ ಕಾನೂನಿನಲ್ಲಿ ಉದ್ಯೋಗದಾತ ಸಂಸ್ಥೆಯ ಸ್ವತ್ತು. ಡಿಸ್ಕ್ ನಿಮ್ಮ ಮನೆಯಲ್ಲಿದೆ ಎಂದ ಮಾತ್ರಕ್ಕೆ ಅವು ನಿಮ್ಮವಾಗುವುದಿಲ್ಲ. ಸ್ವತಂತ್ರವಾಗಿ ಕೆಲಸ ಮಾಡಿದ ವರ್ಷಗಳ ಮಾತು ಬೇರೆ. ಅಲ್ಲಿ ಒಪ್ಪಂದದ ಒಂದೊಂದು ವಾಕ್ಯವೂ ಮುಖ್ಯ. ಹಕ್ಕನ್ನೇ ಪೂರ್ತಿಯಾಗಿ ವರ್ಗಾಯಿಸಿದ್ದೀರೋ ಅಥವಾ ಬಳಸಲು ಪರವಾನಗಿಯಷ್ಟೇ ಕೊಟ್ಟಿದ್ದೀರೋ ನೋಡಿ. ಪರವಾನಗಿ ಪ್ರಸಾರವಾದ ತುಣುಕಿಗೆ ಮಾತ್ರವೇ, ಕಚ್ಚಾ ಫೂಟೇಜ್‌ಗೂ ಸೇರಿದೆಯೇ ನೋಡಿ. ‘ಎಲ್ಲಾ ಮಾಧ್ಯಮಗಳಲ್ಲಿ, ಶಾಶ್ವತವಾಗಿ’ ಎಂಬಂಥ ಮಾತಿನ ಪಕ್ಕದಲ್ಲಿ ‘ಏಕಮಾತ್ರ’ ಎಂಬ ಪದವೂ ಇದ್ದರೆ ಆ ದೃಶ್ಯವನ್ನು ನೀವು ಕೂಡ ಕೇಳಿಯೇ ಬಳಸಬೇಕು.

ಸಂಸ್ಥೆಯ ಸ್ವತ್ತಾಗಿದ್ದರೂ ದಾರಿ ಮುಚ್ಚಿಲ್ಲ. ಮರಿಯುಪೋಲ್ ಚಿತ್ರವನ್ನು ಅಸೋಸಿಯೇಟೆಡ್ ಪ್ರೆಸ್ ಮತ್ತು ಅಮೆರಿಕದ ಸಾರ್ವಜನಿಕ ವಾಹಿನಿ ಪಿಬಿಎಸ್‌ನ ‘ಫ್ರಂಟ್‌ಲೈನ್’ ಸೇರಿಯೇ ನಿರ್ಮಿಸಿದವು. ಸಿರಿಯಾದ ಅಲೆಪ್ಪೊದಿಂದ ಬ್ರಿಟನ್ನಿನ ಚಾನೆಲ್ 4 ನ್ಯೂಸ್‌ಗೆ ವರದಿ ಕಳಿಸುತ್ತಿದ್ದ ವಾದ್ ಅಲ್-ಕತೀಬ್ ಅವರ ‘ಫಾರ್ ಸಾಮಾ’ (2019) ಕೂಡ ಆ ವಾಹಿನಿಗಳ ಬೆಂಬಲದಿಂದಲೇ ಆಯಿತು. ಹಳೆಯ ಸಂಸ್ಥೆಯನ್ನು ಸಹನಿರ್ಮಾಪಕರಾಗಲು ಕೇಳುವುದು, ಇಲ್ಲವೇ ನಿಮಿಷಕ್ಕೆ ಇಷ್ಟು ಎಂಬ ರಿಯಾಯಿತಿ ದರದಲ್ಲಿ ಪರವಾನಗಿ ಕೇಳುವುದು, ಇವೆರಡೇ ಪ್ರಾಮಾಣಿಕ ದಾರಿಗಳು. ಉತ್ತರ ಲಿಖಿತವಾಗಿ ಬರಲಿ. ಪರಿಚಯದ ಸಂಪಾದಕರು ಫೋನಿನಲ್ಲಿ ‘ಬಳಸಿಕೊಳ್ಳಿ’ ಅಂದದ್ದು ಅವರು ಕೆಲಸ ಬಿಟ್ಟ ದಿನವೇ ಬೆಲೆ ಕಳೆದುಕೊಳ್ಳುತ್ತದೆ. ವಾಹಿನಿಯೋ ವಿತರಕರೋ ಚಿತ್ರ ಕೊಳ್ಳುವಾಗ ಪ್ರತಿ ಶಾಟ್ ಯಾರದು ಎಂದು ಕಾಗದ ಕೇಳುತ್ತಾರೆ. ಆ ಕಾಗದಗಳಿಲ್ಲದೆ, ಚಿತ್ರದ ಮೇಲೆ ಹಕ್ಕು, ಮಾನಹಾನಿಯಂಥ ಮೊಕದ್ದಮೆ ಬಂದರೆ ಕಾಯುವ ಎರರ್ಸ್ ಅಂಡ್ ಒಮಿಷನ್ಸ್ ವಿಮೆ ಸಿಗುವುದಿಲ್ಲ, ವಿಮೆ ಇಲ್ಲದೆ ಪ್ರಸಾರವಾಗುವುದಿಲ್ಲ. ಸೇನಾ ತುಕಡಿಯ ಜೊತೆಗೆ ಹೋಗಿ ತೆಗೆದ ದೃಶ್ಯಗಳಿಗೆ ನೀವು ಸಹಿ ಮಾಡಿದ ನಿಯಮಪತ್ರವನ್ನೂ ಹುಡುಕಿ ತೆಗೆಯಿರಿ. ಗಾಯಗೊಂಡವರ ಮುಖ, ಮೃತರ ಕುಟುಂಬಕ್ಕೆ ಸುದ್ದಿ ತಲುಪುವವರೆಗಿನ ತಡೆ, ನೆಲೆಯ ಒಳಚಿತ್ರಗಳು ಇಂಥವುಗಳ ಮೇಲೆ ಅದರಲ್ಲಿ ಷರತ್ತುಗಳಿರುತ್ತವೆ.

ಇನ್ನು ಫೈಲುಗಳ ವಿಷಯ. ಸೆಕೆಂಡಿಗೆ 100 ಮೆಗಾಬಿಟ್ ವೇಗದಲ್ಲಿ ತೆಗೆದ ವಿಡಿಯೊ ಗಂಟೆಗೆ 45 ಜಿಬಿ ಆಗುತ್ತದೆ. 200 ಗಂಟೆ ಅಂದರೆ 9 ಟಿಬಿ. ಮೂರು ಪ್ರತಿಗಳಿರಬೇಕು, ಎರಡು ಬೇರೆ ಬಗೆಯ ಮಾಧ್ಯಮದಲ್ಲಿರಬೇಕು, ಒಂದು ಬೇರೆ ಊರಿನಲ್ಲಿರಬೇಕು. ಕಾಪಿ ಮಾಡುವಾಗ ಫೈಂಡರ್, ಎಕ್ಸ್‌ಪ್ಲೋರರ್‌ನಲ್ಲಿ ಎಳೆದು ಬಿಡುವುದನ್ನು ನಿಲ್ಲಿಸಿ, ಚೆಕ್‌ಸಮ್ ಎಂಬ ಲೆಕ್ಕದಿಂದ ಮೂಲವೂ ಪ್ರತಿಯೂ ಒಂದೇ ಎಂದು ತಾಳೆ ನೋಡುವ ತಂತ್ರಾಂಶ ಬಳಸಿ. ಅರ್ಧ ಕಾಪಿಯಾದ ಫೈಲ್ ಕೆಲವೊಮ್ಮೆ ತೆರೆಯುತ್ತದೆ, ಮೊದಲ ಹತ್ತು ಸೆಕೆಂಡ್ ಆಡುತ್ತದೆ ಕೂಡ. ಕೆಟ್ಟಿದೆ ಎಂದು ಗೊತ್ತಾಗುವುದು ಒಂದು ವರ್ಷದ ನಂತರ ಎಡಿಟಿಂಗ್ ಟೇಬಲ್ ಮೇಲೆ. ದೀರ್ಘಕಾಲಕ್ಕೆ ಎಲ್‌ಟಿಒ ಎಂಬ, ಫೈಲುಗಳನ್ನು ಉಳಿಸಿಡುವ ಮ್ಯಾಗ್ನೆಟಿಕ್ ಟೇಪ್ ಒಳ್ಳೆಯದು. ಎಲ್‌ಟಿಒ-8ರ ಒಂದು ಟೇಪ್‌ನಲ್ಲಿ 12 ಟಿಬಿ ಹಿಡಿಯುತ್ತದೆ, ನಿಮ್ಮ ಇಡೀ ಸಂಗ್ರಹ ಒಂದೇ ಟೇಪ್‌ಗೆ ಬರುತ್ತದೆ.

ಎಂಟು ವರ್ಷದ ಫೂಟೇಜ್‌ನಲ್ಲಿ ಫ್ರೇಮ್ ರೇಟ್ (ಸೆಕೆಂಡಿಗೆ ಎಷ್ಟು ಚಿತ್ರಗಳು ಎಂಬ ಲೆಕ್ಕ) ಒಂದೇ ಇರುವುದಿಲ್ಲ. 25, 29.97, 50ರ ಇಂಟರ್‌ಲೇಸ್ಡ್, ಮೊಬೈಲ್‌ನ ಏರಿಳಿಯುವ ಫ್ರೇಮ್ ರೇಟ್, ಎಲ್ಲ ಕಲಸಿರುತ್ತವೆ. ಮೊಬೈಲ್ ಫೈಲನ್ನು ನೇರ ಟೈಮ್‌ಲೈನ್‌ಗೆ ಹಾಕಿದರೆ ಕೆಲವು ನಿಮಿಷಗಳಲ್ಲಿ ತುಟಿ ಮತ್ತು ಮಾತು ಬೇರೆಯಾಗುತ್ತವೆ. ಮೊದಲೇ ಸ್ಥಿರ ಫ್ರೇಮ್ ರೇಟ್‌ಗೆ ಬದಲಿಸಿ, ಆಮೇಲೆ ಪ್ರಾಕ್ಸಿ, ಅಂದರೆ ಸಂಕಲನಕ್ಕೆ ಬೇಕಾದ ಹಗುರ ಪ್ರತಿ, ಮಾಡಿ. ಇನ್ನು ಮುಂದಾದರೂ ಎಲ್ಲ ಕ್ಯಾಮೆರಾಗಳ ಗಡಿಯಾರವನ್ನು ಯುಟಿಸಿಗೆ (ಜಗತ್ತಿಗೆಲ್ಲ ಒಂದೇ ಆದ ಪ್ರಮಾಣ ಸಮಯಕ್ಕೆ) ಹೊಂದಿಸಿ. ಗಡಿ ದಾಟಿದಾಗಲೆಲ್ಲ ಗಡಿಯಾರ ತಿರುಗಿಸುವವರ ಫೈಲುಗಳಲ್ಲಿ ಯಾವುದು ಮೊದಲು ನಡೆಯಿತು ಎಂಬುದೇ ತಿಳಿಯುವುದಿಲ್ಲ. ಯುದ್ಧದ ಚಿತ್ರದಲ್ಲಿ ಆ ಕ್ರಮವೇ ಸಾಕ್ಷ್ಯ.

ಹೊಸ ಚಿತ್ರೀಕರಣಕ್ಕೆ ಹೊರಡುವಾಗ ಕೈ ಪಳಗಿದ ಕೆಲವು ಅಭ್ಯಾಸಗಳನ್ನು ಬದಲಿಸಬೇಕಾಗುತ್ತದೆ. ಶಾಟ್ ಮುಗಿಯಿತು ಅನ್ನಿಸಿದ ಮೇಲೂ ಕನಿಷ್ಠ ಹತ್ತು ಸೆಕೆಂಡ್ ತಡೆಯಿರಿ. ಮಾತು ಮುಗಿದ ಕೂಡಲೇ ಮುಂದಿನ ಪ್ರಶ್ನೆ ಹಾಕಬೇಡಿ. ಮೌನಕ್ಕೆ ಐದಾರು ಸೆಕೆಂಡ್ ಕೊಟ್ಟರೆ ಜನ ತಾವಾಗಿಯೇ ಮುಂದುವರಿಸುತ್ತಾರೆ, ಸುದ್ದಿಗೆ ಸಿಗದ ಮಾತು ಬರುವುದು ಅಲ್ಲೇ. ಹೂಂ, ಹಾಂ ಎಂದು ದನಿಗೂಡಿಸುವ ಅಭ್ಯಾಸ ಬಿಡಿ, ನಿಮ್ಮ ದನಿ ಅವರ ವಾಕ್ಯದ ಕೊನೆಯ ಮೇಲೆ ಕೂತುಬಿಡುತ್ತದೆ. ಒಬ್ಬರು ಕೋಣೆಗೆ ಬರುವುದು, ಹೋಗುವುದು, ಕೈಗಳು, ಕೇಳಿಸಿಕೊಳ್ಳುತ್ತಿರುವ ಮುಖ, ಇವಿಲ್ಲದೆ ದೃಶ್ಯ ಕತ್ತರಿಸಲಾಗದು. ಒಂದು ಗಂಟೆಯ ಮಾತುಕತೆಯಲ್ಲಿ ಮಾತಾಡುವವರ ಮೇಲೇ ಕ್ಯಾಮೆರಾ ನೆಟ್ಟಿದ್ದರೆ ಅದನ್ನು ಮೂರು ನಿಮಿಷಕ್ಕೆ ಇಳಿಸುವಾಗ ಪ್ರತಿ ಕತ್ತರಿಯೂ ಕಣ್ಣಿಗೆ ರಾಚುತ್ತದೆ. ವಿದ್ಯುತ್ ಆವರ್ತನ 50 ಹರ್ಟ್ಸ್ ಇರುವಲ್ಲಿ ಶಟರ್ 1/50, 60 ಹರ್ಟ್ಸ್ ಇರುವಲ್ಲಿ 1/60 ಇಡಿ, ಇಲ್ಲವಾದರೆ ಆಸ್ಪತ್ರೆಯ ಟ್ಯೂಬ್‌ಲೈಟ್‌ಗಳ ಮಿನುಗು ದೊಡ್ಡ ಪರದೆಯಲ್ಲಿ ತಲೆನೋವು ತರಿಸುತ್ತದೆ.

ಧ್ವನಿ ಇದಕ್ಕಿಂತ ಮುಖ್ಯ. ಸುದ್ದಿಯವರು ಧ್ವನಿಯ ಮಟ್ಟವನ್ನು ತಾನೇ ಹೊಂದಿಸುವ ಆಟೊ ಗೇನ್ ಮೇಲೆ ನಂಬಿಕೆ ಇಡುತ್ತಾರೆ. ಸ್ಫೋಟವಾದಾಗ ಅದು ಇಡೀ ಧ್ವನಿಯನ್ನು ಒಮ್ಮೆಗೇ ಕುಗ್ಗಿಸಿ, ನಿಧಾನವಾಗಿ ಮೇಲೆತ್ತುತ್ತದೆ. ಆ ಉಸಿರಾಟದಂಥ ಏರಿಳಿತವನ್ನು ಮಿಕ್ಸಿಂಗ್‌ನಲ್ಲಿ ಸರಿಮಾಡಲು ಆಗುವುದಿಲ್ಲ. ಗೇನ್ ಅನ್ನು ಕೈಯಲ್ಲೇ ಹೊಂದಿಸಿ, ಎರಡನೇ ಚಾನೆಲ್‌ನಲ್ಲಿ ಅದೇ ಮೈಕನ್ನು 10–12 ಡೆಸಿಬೆಲ್ ಕಡಿಮೆ ಮಟ್ಟದಲ್ಲಿ ದಾಖಲಿಸಿ. ತೀರ ಮೆಲುದನಿಯನ್ನೂ ತೀರ ಜೋರು ಸದ್ದನ್ನೂ ಹಿಡಿಯುವ 32 ಬಿಟ್ ಫ್ಲೋಟ್ ರೆಕಾರ್ಡರ್ ಇದ್ದರೆ ಇನ್ನೂ ನೆಮ್ಮದಿ, ಆದರೆ ಮೈಕ್‌ನ ಪೊರೆಯೇ ತಡೆಯಲಾರದ ಶಬ್ದವನ್ನು ಅದೂ ಉಳಿಸಲಾರದು. ಪ್ರತಿ ಜಾಗದಲ್ಲೂ ಯಾರೂ ಮಾತಾಡದ ಒಂದು ನಿಮಿಷದ ಧ್ವನಿ ತೆಗೆದುಕೊಳ್ಳಿ: ಜನರೇಟರ್, ದೂರದ ಗುಂಡು, ಖಾಲಿ ಬೀದಿಯ ಗಾಳಿ. ವೈರ್‌ಲೆಸ್ ಮೈಕ್ ರೇಡಿಯೊ ತರಂಗ ಹೊರಡಿಸುತ್ತದೆ; ಮುಂಚೂಣಿಯಲ್ಲಿ ಅದನ್ನು ಹಚ್ಚುವ ಮೊದಲು ತುಕಡಿಯವರನ್ನು ಕೇಳಲೇಬೇಕು. ಸಣ್ಣ ರೆಕಾರ್ಡರನ್ನೇ ಜೇಬಿನಲ್ಲಿಟ್ಟು ಆಮೇಲೆ ಹೊಂದಿಸಿಕೊಳ್ಳುವುದು ಎಷ್ಟೋ ಸುರಕ್ಷಿತ.

ಸುರಕ್ಷತೆಯ ಮಾತು ಬಂದದ್ದರಿಂದ ಒಂದು ವಿಷಯ ಒತ್ತಿ ಹೇಳಬೇಕು. ಸಿನಿಮಾ ವರದಿಗಿಂತ ಹೆಚ್ಚು ಅಪಾಯದ ಕೆಲಸ, ಯಾಕೆಂದರೆ ಅದು ಒಂದೇ ಜಾಗಕ್ಕೆ ಮತ್ತೆ ಮತ್ತೆ ಹೋಗುವಂತೆ, ಅಲ್ಲೇ ಉಳಿಯುವಂತೆ ಮಾಡುತ್ತದೆ. ಬರಹಗಾರ ಸೆಬಾಸ್ಟಿಯನ್ ಯುಂಗರ್ ಮತ್ತು ಛಾಯಾಗ್ರಾಹಕ ಟಿಮ್ ಹೆದರಿಂಗ್ಟನ್ 2007–08ರಲ್ಲಿ ಅಫ್ಘಾನಿಸ್ತಾನದ ಕೊರೆಂಗಲ್ ಕಣಿವೆಗೆ ಹಲವು ಸಲ ಹೋಗಿ ಅಮೆರಿಕ ಸೇನೆಯ ಒಂದೇ ತುಕಡಿಯ ಜೊತೆ ಇದ್ದು ‘ರೆಸ್ಟ್ರೆಪೊ’ ಮಾಡಿದರು. 2010ರ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಅದಕ್ಕೆ ಗ್ರ್ಯಾಂಡ್ ಜ್ಯೂರಿ ಪ್ರಶಸ್ತಿ ಬಂತು. 2011ರ ಏಪ್ರಿಲ್ 20ರಂದು ಲಿಬಿಯಾದ ಮಿಸ್ರಾತಾದಲ್ಲಿ ಹೆದರಿಂಗ್ಟನ್ ದಾಳಿಯೊಂದರಲ್ಲಿ ಸ್ಫೋಟದ ಚೂರು ತಗುಲಿ ರಕ್ತಸ್ರಾವದಿಂದ ತೀರಿಕೊಂಡರು. ಛಾಯಾಗ್ರಾಹಕ ಕ್ರಿಸ್ ಹೊಂಡ್ರೊಸ್ ಕೂಡ ಅದೇ ದಾಳಿಯಲ್ಲಿ ಸತ್ತರು. ಆ ಸಾವಿನ ನಂತರ ಯುಂಗರ್ ‘ರಿಸ್ಕ್’ ಎಂಬ ಸಂಸ್ಥೆ ಕಟ್ಟಿ, ಸ್ವತಂತ್ರ ಪತ್ರಕರ್ತರಿಗೆ ಜೀವ ಉಳಿಸುವ ಪ್ರಥಮ ಚಿಕಿತ್ಸೆ ಕಲಿಸಲು ಶುರು ಮಾಡಿದರು. ತೊಡೆಯ ದೊಡ್ಡ ರಕ್ತನಾಳ ತುಂಡಾದರೆ ಉಳಿದಿರುವುದು ಕೆಲವೇ ನಿಮಿಷ. ತಂಡದ ಪ್ರತಿಯೊಬ್ಬರ ಮೈಮೇಲೂ, ಚೀಲದೊಳಗಲ್ಲ, ಒಂದು ಕೈಗೆ ಎಟುಕುವ ಜಾಗದಲ್ಲಿ ರಕ್ತ ನಿಲ್ಲಿಸಲು ಬಿಗಿಯುವ ಪಟ್ಟಿ, ಅಂದರೆ ಟೂರ್ನಿಕೆ, ಇರಬೇಕು. ಕಟ್ಟಿದ ಸಮಯವನ್ನು ಗಾಯಾಳುವಿನ ಮೈಮೇಲೇ ಬರೆಯಬೇಕು. ತರಬೇತಿ ಪಡೆದು ಮೂರು ವರ್ಷ ದಾಟಿದ್ದರೆ ಮತ್ತೆ ಕಲಿಯಿರಿ. ಚಾಲಕರಿಗೂ ದುಭಾಷಿಗೂ ನಿಮ್ಮಷ್ಟೇ ವಿಮೆ, ನಿಮ್ಮಷ್ಟೇ ರಕ್ಷಾಕವಚ ಇರಬೇಕು, ಬಜೆಟ್‌ನಲ್ಲಿ ಅದಕ್ಕೆ ಸಾಲು ಇಡಿ.

ಯುದ್ಧದ ನಿಯಮಗಳನ್ನು ಹೇಳುವ ಜಿನೀವಾ ಒಪ್ಪಂದಗಳಿಗೆ ಸೇರಿದ 1977ರ ಮೊದಲನೇ ಹೆಚ್ಚುವರಿ ಪ್ರೊಟೊಕಾಲ್‌ನ 79ನೇ ವಿಧಿಯ ಪ್ರಕಾರ ಸಂಘರ್ಷ ವಲಯದ ಪತ್ರಕರ್ತರು ನಾಗರಿಕರು, ಅವರನ್ನು ನಾಗರಿಕರಂತೆಯೇ ರಕ್ಷಿಸಬೇಕು. ‘ನಾನೀಗ ಸಿನಿಮಾದವನು’ ಎಂದು ಹೇಳಿಕೊಂಡು ಪತ್ರಕರ್ತರ ಗುರುತುಪತ್ರ ಬಿಟ್ಟುಕೊಡಬೇಡಿ. ಚೆಕ್‌ಪೋಸ್ಟ್‌ನಲ್ಲಿ ಅದರ ಅಗತ್ಯ ಮೊದಲಿನಷ್ಟೇ ಇರುತ್ತದೆ. ಇದೇ ಕಾನೂನು ನಿಮ್ಮ ಮೇಲೂ ಒಂದು ಹೊಣೆ ಹೊರಿಸುತ್ತದೆ. ಯುದ್ಧಕೈದಿಗಳನ್ನು ಸಾರ್ವಜನಿಕ ಕುತೂಹಲದ ವಸ್ತುವಾಗಿಸಬಾರದು ಎಂದು ಮೂರನೇ ಜಿನೀವಾ ಒಪ್ಪಂದದ 13ನೇ ವಿಧಿ ಹೇಳುತ್ತದೆ. ಸೆರೆಯಾಳಿನ ಮುಖ ಕಾಣುವ ಶಾಟ್ ನಿಮ್ಮ ಬಳಿ ಇದ್ದರೆ, ಅವನೇ ಕ್ಯಾಮೆರಾ ಮುಂದೆ ಒಪ್ಪಿದ್ದರೂ, ಆ ಒಪ್ಪಿಗೆ ಬಂದೂಕಿನ ನೆರಳಿನಲ್ಲಿ ಕೊಟ್ಟದ್ದು. ಮುಖ ಮರೆಮಾಡಿ ಅಥವಾ ಶಾಟನ್ನೇ ಬಿಡಿ.

ಉಳಿದವರ ಒಪ್ಪಿಗೆಯೂ ಸಲೀಸಲ್ಲ. ಶೆಲ್ ಬಿದ್ದ ದಿನ ‘ಜಗತ್ತಿಗೆ ತೋರಿಸಿ’ ಎಂದು ಕೂಗಿದ ತಾಯಿ ಒಪ್ಪಿದ್ದು ಅಂದಿನ ಸುದ್ದಿಗೆ. ನಾಲ್ಕು ವರ್ಷದ ನಂತರ ಅದೇ ಅಳುವನ್ನು ದೊಡ್ಡ ಪರದೆಯ ಮೇಲೆ, ಮತ್ತೆ ಮತ್ತೆ ತೋರಿಸಲು ಅವರು ಒಪ್ಪಿಲ್ಲ. ಅವರನ್ನು ಹುಡುಕಿ, ಆ ದೃಶ್ಯವನ್ನು ಅವರಿಗೆ ಸಾಧ್ಯವಾದರೆ ತೋರಿಸಿ, ಎಲ್ಲೆಲ್ಲಿ ಪ್ರದರ್ಶನವಾಗುತ್ತದೆ, ಇಂಟರ್ನೆಟ್‌ನಲ್ಲಿ ಶಾಶ್ವತವಾಗಿ ಉಳಿಯುತ್ತದೆ ಎಂಬುದನ್ನು ಅವರ ಭಾಷೆಯಲ್ಲೇ ಬಿಡಿಸಿ ಹೇಳಿ ಲಿಖಿತ ಅಥವಾ ಧ್ವನಿಮುದ್ರಿತ ಒಪ್ಪಿಗೆ ಪಡೆಯಿರಿ. ಊರಿನ ಆಳ್ವಿಕೆ ಈಗ ಬೇರೆ ಕೈಗೆ ಹೋಗಿರಬಹುದು; ಆಗ ಧೈರ್ಯದ ಮಾತಾಗಿದ್ದದ್ದು ಈಗ ಜೈಲಿಗೆ ಕಾರಣವಾಗಬಹುದು. ಸಿಕ್ಕದವರ, ಅಪಾಯದಲ್ಲಿರುವವರ ಪಟ್ಟಿ ಬೇರೆ ಮಾಡಿ, ಪಿಕ್ಚರ್ ಲಾಕ್‌ಗೆ (ದೃಶ್ಯಗಳ ಅಂತಿಮ ಜೋಡಣೆ ನಿಗದಿಯಾಗುವುದಕ್ಕೆ) ಮೊದಲು ಒಬ್ಬೊಬ್ಬರ ವಿಷಯದಲ್ಲೂ ತೀರ್ಮಾನ ಮಾಡಿ. ಹಂಚಿಕೊಳ್ಳುವ ಫೈಲುಗಳಿಂದ ಜಿಪಿಎಸ್ ಮಾಹಿತಿಯನ್ನು ಅಳಿಸಿ, ಮೂಲ ಪ್ರತಿಯಲ್ಲಿ ಮಾತ್ರ ಉಳಿಸಿ.

ಈಗ ಎಡಿಟಿಂಗ್. ಚಿತ್ರದ ಅರ್ಧ ಆಯುಷ್ಯ ಕಳೆಯುವುದು ಇಲ್ಲಿ. ಆ ಯುದ್ಧವನ್ನು ಕಣ್ಣಾರೆ ಕಾಣದ ಎಡಿಟರನ್ನು ಹುಡುಕಿ. ನಿಮಗೆ ಒಂದು ಶಾಟ್ ನೋಡಿದಾಗ ಅಂದಿನ ಭಯ, ವಾಸನೆ, ಪಕ್ಕದಲ್ಲಿದ್ದವರು ಎಲ್ಲ ನೆನಪಾಗುತ್ತದೆ. ಪ್ರೇಕ್ಷಕರಿಗೆ ಕಾಣುವುದು ಅಲುಗುವ ಗೋಡೆ ಮಾತ್ರ. ಈ ಅಂತರವನ್ನು ಹೇಳಬಲ್ಲವರು ಬೇಕು. ಪೂರ್ಣಾವಧಿ ಸಾಕ್ಷ್ಯಚಿತ್ರದ ಸಂಕಲನಕ್ಕೆ ಆರರಿಂದ ಒಂಬತ್ತು ತಿಂಗಳು ಸಾಮಾನ್ಯ, ಯುದ್ಧದ ಚಿತ್ರಕ್ಕೆ ಅನುವಾದವೂ ಸೇರಿ ಇನ್ನೂ ಹೆಚ್ಚು. ಎಲ್ಲ ಮಾತುಗಳ ಅನುವಾದಿತ ಪ್ರತಿಯನ್ನು ಟೈಮ್‌ಕೋಡ್ ಸಮೇತ ಮೊದಲೇ ಸಿದ್ಧಪಡಿಸಿ. ಸಾರಾಂಶದ ಅನುವಾದ ನಂಬಿ ಕತ್ತರಿಸಿದರೆ ವಾಕ್ಯದ ನಡುವೆ ಕತ್ತರಿ ಬಿದ್ದಿರುತ್ತದೆ, ಆ ಭಾಷೆ ಬಲ್ಲವರಿಗೆ ಅದು ಮೊದಲ ಪ್ರದರ್ಶನದಲ್ಲೇ ಗೊತ್ತಾಗುತ್ತದೆ. ಮೊದಲ ಜೋಡಣೆ ನಾಲ್ಕೈದು ಗಂಟೆ ಬಂದರೆ ಗಾಬರಿ ಬೇಡ.

ವರದಿಗಾರರ ಮೊದಲ ಕಟ್‌ನಲ್ಲಿ ಎರಡು ದೋಷಗಳು ತಪ್ಪದೆ ಇರುತ್ತವೆ. ಒಂದು, ಸ್ಫೋಟಗಳ ಸರಮಾಲೆ. ಮೊದಲನೆಯದಕ್ಕೆ ಬೆಚ್ಚಿದ ಪ್ರೇಕ್ಷಕ ಆರನೆಯದಕ್ಕೆ ಕಣ್ಣೆತ್ತುವುದಿಲ್ಲ. ಎರಡು ಮೂರನ್ನು ಮಾತ್ರ ಪೂರ್ತಿ ಇಟ್ಟು, ಉಳಿದವನ್ನು ದೂರದ ಸದ್ದಾಗಿ, ಕೇಳಿಸಿಕೊಳ್ಳುವ ಮುಖವಾಗಿ ತೋರಿಸಿ. ಇನ್ನೊಂದು, ವಿವರಣೆಯ ಹೊರೆ. ಯಾವ ಪಕ್ಷ, ಯಾವ ಒಪ್ಪಂದ, ಯಾವ ಕದನವಿರಾಮ ಎಂದು ಮೊದಲ ಹದಿನೈದು ನಿಮಿಷ ಪಾಠವಾಗುತ್ತದೆ. ನೋಡುವವರಿಗೆ ಬೇಕಾದ್ದು ನಾವು ಎಲ್ಲಿದ್ದೇವೆ, ಯಾರ ಜೊತೆ ಇದ್ದೇವೆ, ಅವರು ಯಾವುದಕ್ಕೆ ಹೆದರುತ್ತಿದ್ದಾರೆ ಎಂಬುದು. ಆ ಯುದ್ಧದ ಬಗ್ಗೆ ಏನೂ ತಿಳಿಯದ ಐದಾರು ಜನರಿಗೆ ರಫ್ ಕಟ್ ತೋರಿಸಿ, ಎಲ್ಲಿ ದಾರಿ ತಪ್ಪಿತು, ಯಾರು ನೆನಪಿನಲ್ಲಿ ಉಳಿದರು ಎಂದಷ್ಟೇ ಕೇಳಿ. ಇಷ್ಟವಾಯಿತೇ ಎಂದು ಕೇಳಿದರೆ ಮರ್ಯಾದೆಗೆ ಹೌದು ಅನ್ನುತ್ತಾರೆ.

ಹಿನ್ನೆಲೆ ನಿರೂಪಣೆ ಬೇಕೇ ಎಂಬ ಪ್ರಶ್ನೆಗೆ ಫೂಟೇಜೇ ಉತ್ತರ ಹೇಳಬೇಕು. ‘ರೆಸ್ಟ್ರೆಪೊ’ದಲ್ಲಿ ನಿರೂಪಕರ ದನಿಯೇ ಇಲ್ಲ. ಸೈನಿಕರು ಯುದ್ಧಭೂಮಿಯಿಂದ ಹೊರಬಂದ ಮೇಲೆ ಇಟಲಿಯಲ್ಲಿ ಅವರ ಮುಖಗಳ ಹತ್ತಿರದ ಸಂದರ್ಶನ ತೆಗೆದು, ಅದನ್ನೇ ಕಣಿವೆಯ ದೃಶ್ಯಗಳ ನಡುವಿನ ಬೆಸುಗೆಯಾಗಿ ಬಳಸಿದರು. ಅದಕ್ಕೆ ಕಾರಣ ಅದೇ ಮುಖಗಳು ತಿಂಗಳುಗಟ್ಟಲೆ ಕಾಣಿಸಿಕೊಂಡಿದ್ದವು. ಮರಿಯುಪೋಲ್‌ನಲ್ಲಿ ಹಾಗೆ ಯಾರನ್ನೂ ಹಿಂಬಾಲಿಸುವುದು ಸಾಧ್ಯವಿರಲಿಲ್ಲ, ಜನ ಒಂದು ಸಲ ಕಂಡು ಮರೆಯಾಗುತ್ತಿದ್ದರು. ಚೆರ್ನೊವ್ ಅವರ ದನಿಯೇ ದಿನಗಳನ್ನು ಪೋಣಿಸಬೇಕಾಯಿತು. ಅಲ್-ಕತೀಬ್ ಅವರ 500ಕ್ಕೂ ಹೆಚ್ಚು ಗಂಟೆಗಳ ದೃಶ್ಯಗಳಿಗೆ ಅಕ್ಷ ಸಿಕ್ಕಿದ್ದು ತಮ್ಮ ಮಗಳನ್ನು ಉದ್ದೇಶಿಸಿ ಮಾತಾಡಿದಾಗ. ಛಾಯಾಚಿತ್ರ ಪತ್ರಕರ್ತ ಡ್ಯಾನ್‌ಫಂಗ್ ಡೆನಿಸ್ ಇನ್ನೊಂದು ದಾರಿ ಹಿಡಿದರು: 2011ರ ತಮ್ಮ ಚಿತ್ರದಲ್ಲಿ ಅಫ್ಘಾನಿಸ್ತಾನದ ಕಾಳಗವನ್ನು, ಅಲ್ಲಿ ಗಾಯಗೊಂಡ ಅಮೆರಿಕದ ಮರೀನ್ ಸೈನಿಕ ಮನೆಗೆ ಬಂದ ಮೇಲಿನ ಬದುಕಿನೊಡನೆ ಹೆಣೆದರು. ನಿಮ್ಮ ಶೀಟ್‌ನಲ್ಲಿ ಮತ್ತೆ ಮತ್ತೆ ಬರುವ ಹೆಸರುಗಳಿದ್ದರೆ ನಿಮ್ಮ ದನಿ ಬೇಡ. ಇಲ್ಲದಿದ್ದರೆ ಬೇಕು, ಆದರೆ ವರದಿಯ ದನಿ ಅಲ್ಲ. ಪರದೆಯಲ್ಲಿ ಕಾಣುವುದನ್ನೇ ಮತ್ತೆ ಹೇಳುವ ಪ್ರತಿ ವಾಕ್ಯವನ್ನೂ ಹೊಡೆದುಹಾಕಿ. ಆಗ ನಿಮಗೆ ಏನು ಗೊತ್ತಿರಲಿಲ್ಲ, ಏನು ನಿರ್ಧರಿಸಬೇಕಾಗಿತ್ತು ಎಂಬುದು ಉಳಿಯಲಿ.

ಕೂಡಿಸುವ ಚಟದ ಬಗ್ಗೆ ಎಚ್ಚರ. ಮೊದಲನೇ ಮಹಾಯುದ್ಧದ ಕಾಲದ, 1916ರ ‘ದಿ ಬ್ಯಾಟಲ್ ಆಫ್ ದಿ ಸೋಮ್’ ಚಿತ್ರವನ್ನು ತೆಗೆದವರು ನಿಜವಾಗಿ ಮುಂಚೂಣಿಯಲ್ಲಿದ್ದ ಇಬ್ಬರು ಕ್ಯಾಮೆರಾಮನ್‌ಗಳು. ಆದರೂ ಕಂದಕದಿಂದ ಸೈನಿಕರು ಮೇಲೇರಿ ಹೋಗುವ ಅದರ ಅತಿ ಪ್ರಸಿದ್ಧ ದೃಶ್ಯ ಮುಂಚೂಣಿಯಿಂದ ದೂರ, ಹಿಂದುಗಡೆ ಅಭಿನಯಿಸಿ ತೆಗೆದದ್ದು. ನೂರು ವರ್ಷಗಳಿಂದ ಆ ಚಿತ್ರದ ಅಸಲಿ ದೃಶ್ಯಗಳೂ ಆ ಒಂದು ದೃಶ್ಯದ ಅನುಮಾನ ಹೊತ್ತುಕೊಂಡಿವೆ. ಬೇರೆ ದಿನದ ಶಾಟನ್ನು ಈ ದಿನದ್ದೆಂದು ಸೇರಿಸುವುದು, ಸಿದ್ಧ ಧ್ವನಿಸಂಗ್ರಹದ ಗುಂಡಿನ ಸದ್ದು ಹಾಕುವುದು, ಅಳು ಬಂದಲ್ಲೆಲ್ಲ ವಯೊಲಿನ್ ಏರಿಸುವುದು, ಇವು ಅದೇ ಜಾತಿಯವು. ಮೊದಲ ಎರಡು ಸುಳ್ಳು. ಮೂರನೆಯದು ಪ್ರೇಕ್ಷಕರ ಮೇಲಿನ ಅಪನಂಬಿಕೆ. ಪುನರ್‌ಸೃಷ್ಟಿ ಅನಿವಾರ್ಯವಾದರೆ ಪರದೆಯ ಮೇಲೇ ಬರೆಯಿರಿ.

ಎಡಿಟಿಂಗ್ ಕೋಣೆ ಮನಸ್ಸಿಗೆ ಮಾಡುವ ಗಾಯ ಯುದ್ಧಭೂಮಿಯದಕ್ಕಿಂತ ಕಡಿಮೆಯಲ್ಲ. ಅಲ್ಲಿ ಒಂದು ಸಾವನ್ನು ಒಮ್ಮೆ ಕಂಡಿರಿ, ಇಲ್ಲಿ ನೂರು ಸಲ ನೋಡಬೇಕು. ಲಾಗ್‌ನಲ್ಲಿ ಭೀಕರ ದೃಶ್ಯಗಳಿಗೆ ಕೆಂಪು ಗುರುತು ಹಾಕಿ, ಎಡಿಟರ್‌ಗೂ ಅನುವಾದಕರಿಗೂ ಮೊದಲೇ ತಿಳಿಯಲಿ. ಮೊದಲ ಸಲ ಧ್ವನಿಯಿಲ್ಲದೆ, ಸಣ್ಣ ಕಿಟಕಿಯಲ್ಲಿ ನೋಡಿ; ಚಿತ್ರಕ್ಕಿಂತ ಕೂಗು ಹೆಚ್ಚು ದಿನ ಕಾಡುತ್ತದೆ. ಕತ್ತರಿಸುವ ಜಾಗ ಸಿಗುವವರೆಗೆ ಆ ಶಾಟ್‌ನ ಜಾಗದಲ್ಲಿ ಖಾಲಿ ಫ್ರೇಮ್ ಇಟ್ಟು ಕೆಲಸ ಮಾಡಬಹುದು. ರಾತ್ರಿ ಮಲಗುವ ಮುನ್ನ ಇಂಥ ರೀಲ್ ತೆರೆಯಬೇಡಿ. ಆಪ್ತಸಮಾಲೋಚಕರ ಶುಲ್ಕ ಬಜೆಟ್‌ನಲ್ಲಿರಲಿ, ಅದನ್ನು ಪ್ರಶ್ನಿಸುವ ನಿರ್ಮಾಪಕರ ಜೊತೆ ಕೆಲಸ ಮಾಡದಿರುವುದೇ ಲೇಸು.

ಹಣದ ವಿಷಯ ಚುಟುಕಾಗಿ. ಕೇಳಲು ಹೋಗುವ ಮೊದಲು ಎಂಟು ಹತ್ತು ನಿಮಿಷದ ಮಾದರಿ ತುಣುಕು, ಚಿತ್ರ ಹೇಗೆ ಸಾಗುತ್ತದೆ ಎಂದು ಹೇಳುವ ನಾಲ್ಕೈದು ಪುಟದ ಟ್ರೀಟ್‌ಮೆಂಟ್, ಬಜೆಟ್, ಹಕ್ಕುಗಳ ಪಟ್ಟಿ ಸಿದ್ಧವಿರಬೇಕು. ಮಾದರಿಯಲ್ಲಿ ಟ್ರೇಲರ್‌ನಂಥ ಮಿಂಚು ಬೇಡ, ಒಂದು ಪೂರ್ತಿ ದೃಶ್ಯವಿರಲಿ. ನಿಮಗೆ ಸುದ್ದಿ ಬರುತ್ತದೆ ಎಂದು ಅವರಿಗೆ ಗೊತ್ತು, ದೃಶ್ಯ ಕಟ್ಟಲು ಬರುತ್ತದೆಯೇ ಎಂಬುದೇ ಅವರ ಅನುಮಾನ. ಆಮ್‌ಸ್ಟರ್‌ಡ್ಯಾಮ್‌ನ ಇಡ್ಫಾ ಫೋರಂ, ಶೆಫೀಲ್ಡ್‌ನ ಮೀಟ್‌ಮಾರ್ಕೆಟ್ ಇಂಥ ಸಾಕ್ಷ್ಯಚಿತ್ರ ಮೇಳಗಳಲ್ಲಿ ವಾಹಿನಿಗಳವರು, ನಿಧಿಗಳವರು ಒಟ್ಟಿಗೆ ಸಿಗುತ್ತಾರೆ. ಬಜೆಟ್‌ನಲ್ಲಿ ವರದಿಗಾರರು ಪ್ರಯಾಣಕ್ಕೆ ಧಾರಾಳವಾಗಿ ಬರೆದು ಸಂಕಲನ, ಧ್ವನಿ ಮಿಶ್ರಣ, ಬಣ್ಣ ತಿದ್ದುಪಡಿ, ವಕೀಲರು, ಸಬ್‌ಟೈಟಲ್ ಇವಕ್ಕೆ ಕೈಬಿಗಿ ಹಿಡಿಯುತ್ತಾರೆ. ಅದು ತಿರುಗುಮುರುಗಾಗಬೇಕು, ಸಂಕಲನವೇ ಅತಿ ದೊಡ್ಡ ಖರ್ಚು. ಇನ್ನೊಂದು: ದೊಡ್ಡ ಚಿತ್ರೋತ್ಸವಗಳು ಮೊದಲ ಪ್ರದರ್ಶನ ತಮ್ಮಲ್ಲೇ ಆಗಬೇಕು ಎನ್ನುತ್ತವೆ. ಉತ್ಸಾಹಕ್ಕೆ ಪೂರ್ತಿ ಚಿತ್ರವನ್ನು ಆನ್‌ಲೈನ್‌ಗೆ ಏರಿಸಿದರೆ ಆ ಬಾಗಿಲು ಮುಚ್ಚುತ್ತದೆ.

ಕಥಾಚಿತ್ರದ ಆಸೆ ದೂರದ್ದಲ್ಲ, ಆದರೆ ಅದು ಬೇರೆ ವಿದ್ಯೆ. ಫ್ರೆಂಚ್ ಸೇನೆಯ ಕ್ಯಾಮೆರಾಮನ್ ಆಗಿ 1954ರಲ್ಲಿ ವಿಯೆಟ್ನಾಂನ ದಿಯೆನ್ ಬಿಯೆನ್ ಫುವಿನಲ್ಲಿ ಸೆರೆಸಿಕ್ಕು, ಬಿಡುಗಡೆಯಾದ ಮೇಲೆ ಪತ್ರಿಕಾ ಛಾಯಾಗ್ರಾಹಕರಾಗಿದ್ದ ಪಿಯೆರ್ ಶೋಂಡರ್ಫರ್ 1965ರಲ್ಲಿ ಇಂಡೋಚೀನಾ ಯುದ್ಧದ ಬಗ್ಗೆ ಕಥಾಚಿತ್ರ ಮಾಡಿದರು. ಮುಂದೆ ವಿಯೆಟ್ನಾಂಗೆ ಮರಳಿ ಒಂದು ಅಮೆರಿಕನ್ ತುಕಡಿಯ ಜೊತೆಗಿದ್ದು ಮಾಡಿದ ಸಾಕ್ಷ್ಯಚಿತ್ರಕ್ಕೆ ಆಸ್ಕರ್ ಬಂತು. ಎರಡೂ ಕಡೆ ಓಡಾಡಬಹುದು ಎಂಬುದಕ್ಕೆ ಅವರು ಸಾಕ್ಷಿ. ಪತ್ರಕರ್ತ ಮಾರ್ಕ್ ಬೋಲ್ 2004ರಲ್ಲಿ ಇರಾಕ್‌ನಲ್ಲಿ ಬಾಂಬ್ ನಿಷ್ಕ್ರಿಯ ದಳದ ಜೊತೆಗಿದ್ದು, ಆ ಅನುಭವದ ಮೇಲೆ ಚಿತ್ರಕಥೆ ಬರೆದು 2010ರಲ್ಲಿ ಆಸ್ಕರ್ ಪಡೆದರು. ನಿರ್ದೇಶನವನ್ನು ಕ್ಯಾಥ್ರಿನ್ ಬಿಗೆಲೊ ಮಾಡಿದರು. ಬರವಣಿಗೆಯ ಮೂಲಕ ಪ್ರವೇಶಿಸುವುದು ವರದಿಗಾರರಿಗೆ ಹತ್ತಿರದ ದಾರಿ. ಆ ಚಿತ್ರದ ನಾಯಕ ತಾನೇ ಎಂದು ಒಬ್ಬ ಸೈನಿಕ ಮೊಕದ್ದಮೆ ಹೂಡಿದ್ದ. 2016ರಲ್ಲಿ ಮೇಲ್ಮನವಿ ನ್ಯಾಯಾಲಯವೂ ಅದನ್ನು ತಳ್ಳಿಹಾಕಿತು. ಗೆದ್ದರೂ ವರ್ಷಗಟ್ಟಲೆ ವಕೀಲರ ಖರ್ಚು ತಪ್ಪಲಿಲ್ಲ. ಗುರುತು ಸಿಗುವಂಥ ವ್ಯಕ್ತಿಯ ಬದುಕನ್ನು ಬರೆಯುವುದಾದರೆ ಹಕ್ಕಿನ ಒಪ್ಪಂದ ಮೊದಲು ಮಾಡಿಕೊಳ್ಳಿ, ಅಥವಾ ಪಾತ್ರವನ್ನು ನಿಜವಾಗಿಯೂ ಹೊಸದಾಗಿ ಕಟ್ಟಿ.

ವರದಿಗಾರರ ಚಿತ್ರಕಥೆಯಲ್ಲಿ ಪಾತ್ರಗಳು ಪರಸ್ಪರ ಮಾಹಿತಿ ಹೇಳಿಕೊಳ್ಳುತ್ತವೆ, ಅದು ಮೊದಲ ಕಾಯಿಲೆ. ನಟರಿಗೆ ‘ಇಲ್ಲಿ ದುಃಖಪಡಿ’ ಎಂದು ಹೇಳುವುದು ಎರಡನೆಯದು. ಆ ಗಳಿಗೆಯಲ್ಲಿ ಪಾತ್ರಕ್ಕೆ ಏನು ಬೇಕಾಗಿದೆ, ಏನು ಅಡ್ಡ ಬಂದಿದೆ ಎಂದು ಹೇಳಿದರೆ ದುಃಖವನ್ನು ಅವರೇ ತರುತ್ತಾರೆ. ಗುಂಡಿನ ಸದ್ದೇ ಇಲ್ಲದ, ಎರಡೇ ಪಾತ್ರದ, ಒಂದೇ ಕೋಣೆಯ ಹತ್ತು ಹದಿನೈದು ನಿಮಿಷದ ಕಿರುಚಿತ್ರ ಮಾಡಿ ಇದನ್ನು ಕಲಿಯಿರಿ.

ನಿಮ್ಮ ಮೊದಲ ಪ್ರಶ್ನೆಗೆ ಈಗ ಉತ್ತರ: ಸದ್ಯಕ್ಕೆ ವರದಿಗಾರಿಕೆ ಬಿಡಬೇಡಿ. ಹೊಟ್ಟೆಪಾಡಿಗೂ ಆ ಊರುಗಳಿಗೆ ಹೋಗುವ ಅನುಮತಿಗೂ ಅದೇ ಆಧಾರ. ಮುಂದಿನ ಒಪ್ಪಂದಗಳಲ್ಲಿ ಕಚ್ಚಾ ಫೂಟೇಜ್ ನಿಮ್ಮದೇ ಎಂಬ ವಾಕ್ಯ ಸೇರಿಸಿ, ಅದಕ್ಕಾಗಿ ದಿನಭತ್ಯೆ ಸ್ವಲ್ಪ ಕಡಿಮೆಯಾದರೂ ಒಪ್ಪಿಕೊಳ್ಳಿ. ಹಿಂಬಾಲಿಸಬಹುದಾದ ಒಬ್ಬ ವ್ಯಕ್ತಿ, ಲಿಖಿತ ಹಕ್ಕು, ಮಾದರಿ ತುಣುಕು, ಅದನ್ನು ನೋಡಿ ‘ನಾನು ಬರುತ್ತೇನೆ’ ಎಂದ ಎಡಿಟರ್, ಈ ನಾಲ್ಕೂ ಕೈಗೆ ಬಂದ ದಿನ ಒಂದು ವರ್ಷದ ಖರ್ಚಿಗೆ ಹಣವಿದೆಯೇ ಎಂದು ಲೆಕ್ಕ ಹಾಕಿ ಬಿಡುವ ವಿಚಾರ ಮಾಡಿ. ಹಳೆಯ ಸಂಸ್ಥೆಯ ಕಾನೂನು ವಿಭಾಗದಿಂದ ಉತ್ತರ ಬರಲು ವಾರಗಳಲ್ಲ, ತಿಂಗಳುಗಳೇ ಹಿಡಿಯಬಹುದು. ವರ್ಷ, ದೇಶ, ಗಂಟೆಗಳ ಪಟ್ಟಿ ಸಮೇತ ಆ ಪತ್ರವನ್ನು ಈ ವಾರವೇ ಕಳಿಸಿ. ಉತ್ತರ ಬರುವಷ್ಟರಲ್ಲಿ ಲಾಗಿಂಗ್‌ನ ಅರ್ಧ ಭಾಗ ಮುಗಿದಿರುತ್ತದೆ.